ಹತ್ತೊಂಬತ್ತು ದಿನ ಹೊತ್ತ ಮಾತು

ನನ್ನ ಅಕ್ಕ ಗ್ಯಾಸ್ ಸಿಲಿಂಡರಿನ ವಿಷಯವನ್ನು ಅರ್ಧ ಗಂಟೆ ಮಾತಾಡಬಲ್ಲವಳಾಗಿದ್ದಳು. ಬುಕ್ ಮಾಡಿ ಎಷ್ಟು ದಿನವಾಯಿತು, ತಂದವನು ಗೇಟಿನ ಹೊರಗೇ ಇಳಿಸಿ ಹೇಗೆ ಓಡಿದ, ಸೋಪಿನ ನೀರು ಹಾಕಿ ನೋಡಿದರೆ ಎಲ್ಲಿ ಗುಳ್ಳೆ ಬಂತು, ಎಲ್ಲವನ್ನೂ ಒಳ್ಳೆಯ ಕನ್ನಡದಲ್ಲಿ, ನಗುನಗುತ್ತ ಹೇಳುತ್ತಿದ್ದಳು. ಆದರೆ "ನೀನು ಹೇಗಿದ್ದೀಯ?" ಎಂದು ಕೇಳಿದರೆ ಮಾತು ಅಲ್ಲಿಗೇ ನಿಲ್ಲುತ್ತಿತ್ತು. ಸುಸ್ತು, ಹಸಿವು, ಬೇಜಾರು, ಖುಷಿ, ಇಂಥ ಒಂದು ಪದವನ್ನೂ ನಲವತ್ತೇಳು ವರ್ಷ ಅವಳು ನನ್ನೆದುರು ಆಡಲಿಲ್ಲ. ಅವಳಿದ್ದ ಮಠದ ಕಟ್ಟಳೆ ಅದು.

ಹಲಸೂರಿನ ಬಜಾರಿನಿಂದ ಮರ್ಫಿ ಟೌನಿನ ಕಡೆ ಹೊರಳುವ ಗಲ್ಲಿಯೊಂದರಲ್ಲಿ ಆ ಮಠವಿದೆ. ಒಂದು ಪಕ್ಕ ವೆಲ್ಡಿಂಗ್ ಅಂಗಡಿ, ಇನ್ನೊಂದು ಪಕ್ಕ ನಾಲ್ಕು ಅಂತಸ್ತಿನ ಪಿ.ಜಿ. ನಡುವೆ ಆಳೆತ್ತರದ ಕಾಂಪೌಂಡು, ತಗಡಿನ ಗೇಟು, ಒಳಗೆ ಹೆಂಚಿನ ಮನೆ. ಬೋರ್ಡು ಇಲ್ಲ. ಬೂದಿ ಬಣ್ಣದ ಸೀರೆಯುಟ್ಟ ಬೋಳು ತಲೆಯ ಹೆಂಗಸರನ್ನು ಕಂಡು ಕೆಲವರು ಬೌದ್ಧರು ಎನ್ನುತ್ತಿದ್ದರು, ಕೆಲವರು ಚರ್ಚಿನ ಸಿಸ್ಟರುಗಳು ಎನ್ನುತ್ತಿದ್ದರು. ವೋಟರ್ ಲಿಸ್ಟ್ ಮಾಡಲು ಬಂದವನು ವೃದ್ಧಾಶ್ರಮ ಎಂದು ಬರೆದುಕೊಂಡು ಹೋದನಂತೆ. ಕಡೆಕಡೆಗೆ ಅವನು ಬರೆದದ್ದೇ ನಿಜವಾಯಿತು.

ಮಠ ಕಟ್ಟಿದಾಕೆ ದಂಡಿನ ಬಂಗಲೆಗಳಲ್ಲಿ ಆಯಾ ಆಗಿದ್ದ ಒಬ್ಬ ವಿಧವೆ. ದೊರೆಸಾನಿ ಇಂಗ್ಲಿಷಿನಲ್ಲಿ ಕರೆದರೂ ಓಡಬೇಕು, ಬಟ್ಲರ್ ತಮಿಳಿನಲ್ಲಿ ಕರೆದರೂ ಓಡಬೇಕು, ಕುದುರೆಯವನು ಉರ್ದುವಿನಲ್ಲಿ ಗದರಿದರೂ ಓಡಬೇಕು. ಮೂವತ್ತು ವರ್ಷ ಹಾಗೆ ಓಡಿದವಳು ಒಮ್ಮೆ ಜ್ವರ ಬಂದು ಔಟ್‌ಹೌಸಿನಲ್ಲಿ ಮಲಗಿ, ತನಗೆ ಬರುವ ಎಲ್ಲ ಭಾಷೆಗಳಲ್ಲೂ ಕೂಗಿದಳಂತೆ. ಯಾರೂ ಬರಲಿಲ್ಲ. ಬದುಕಿಕೊಂಡ ಮೇಲೆ ತನ್ನಂಥ ನಾಲ್ಕೈದು ಹೆಂಗಸರನ್ನು ಸೇರಿಸಿಕೊಂಡು ಒಂದು ಮನೆ ಹಿಡಿದಳು, ಆ ಮನೆಗೆಂದೇ ಒಂದು ಮಾತು ಕಟ್ಟಿದಳು. ಅದಕ್ಕೆ ಹೆಸರಿಲ್ಲ. ಹೊರಗಿನವರಿಗೆ ಹೇಳುವಾಗ ಅವರು "ಒಳಮಾತು" ಎನ್ನುತ್ತಿದ್ದರು.

ಆ ಭಾಷೆಯ ಕಟ್ಟಳೆ ಎರಡು. ಮೊದಲನೆಯದು, ಸೇರಿದವಳು ತನ್ನ ಮೈ ಮನಸ್ಸುಗಳ ವಿಷಯವನ್ನು ಒಳಮಾತಿನಲ್ಲಿ ಬಿಟ್ಟು ಬೇರೆ ಯಾವ ಮಾತಿನಲ್ಲೂ ಆಡಕೂಡದು. ತರಕಾರಿ, ಕರೆಂಟು, ನಲ್ಲಿ, ನೆಂಟರು, ಇವಕ್ಕೆಲ್ಲ ಕನ್ನಡವೋ ತಮಿಳೋ ಆಗುತ್ತದೆ. ಎರಡನೆಯದು, ಆ ಮಾತುಗಳಲ್ಲಿ ಒಂದೊಂದಕ್ಕೂ ಹೊರುವವಳು ಒಬ್ಬಳು ಇರಬೇಕು, ಒಬ್ಬಳಿಗೆ ಒಂದೇ ಮಾತು. ಯಾರಾದರೂ ಹಸಿವಿನ ಮಾತು ಆಡಿದರೆ ಅದನ್ನು ಹೊತ್ತವಳು ಎದ್ದು ಬಂದು ಅನ್ನ ಕೊಡಬೇಕು. ದುಃಖದ ಮಾತು ಆಡಿದರೆ ಅದನ್ನು ಹೊತ್ತವಳು ಬಂದು ಪಕ್ಕದಲ್ಲಿ ಕೂರಬೇಕು. ಹೊತ್ತವಳು ಸತ್ತರೆ, ಹೊಸಬಳೊಬ್ಬಳು ಸೇರಿ ಅದನ್ನು ಹೊರುವ ತನಕ ಆ ಮಾತನ್ನು ಯಾರೂ ಆಡುವಂತಿಲ್ಲ. "ಮಾತು ತಣ್ಣಗಾಯ್ತು" ಎನ್ನುತ್ತಿದ್ದರು. ತಣ್ಣಗಾದ ಮಾತುಗಳನ್ನು ಎಲ್ಲರಿಗಿಂತ ಹಿರಿಯಳು ನೆನಪಿನಲ್ಲಿಟ್ಟುಕೊಂಡಿರುತ್ತಾಳೆ, ಮುಂದೆ ಯಾರಿಗಾದರೂ ಕೊಡಬೇಕಲ್ಲ, ಅದಕ್ಕೆ. ಅವಳು ಕೊಡುವವಳು ಮಾತ್ರ, ಹೊರುವವಳಲ್ಲ.

ಅಕ್ಕ ಅಲ್ಲಿಗೆ ಹೋದಾಗ ಅವಳಿಗೆ ಇಪ್ಪತ್ತೆರಡು, ನನಗೆ ಹದಿಮೂರು. ಅಪ್ಪ ಕೆ.ಆರ್. ಪುರದ ಕಡೆಯ ಸರ್ಕಾರಿ ಕಾರ್ಖಾನೆಯಲ್ಲಿ ಫಿಟ್ಟರ್, ನಾವು ಅದರ ಕ್ವಾರ್ಟರ್ಸಿನಲ್ಲಿದ್ದೆವು. ಅಮ್ಮನಿಗೆ ಗೂರಲು ರೋಗ. ಅಪ್ಪನಿಗೆ ಬಿಸಿನೀರು ಬೇಕಾದರೂ, ಅಮ್ಮನಿಗೆ ಉಸಿರು ಕಟ್ಟಿದರೂ, ನನಗೆ ಜಡೆ ಹಾಕಬೇಕಾದರೂ ಎಲ್ಲರೂ ಕೂಗುತ್ತಿದ್ದದ್ದು ಅವಳ ಹೆಸರನ್ನೇ. ಹೊಲಿಗೆ ಕ್ಲಾಸಿಗೆಂದು ಹಲಸೂರಿಗೆ ಹೋಗಿ ಬರುತ್ತಿದ್ದವಳು ಒಂದು ದಿನ ಬರಲಿಲ್ಲ. ಅಪ್ಪ ಹೋಗಿ ಗೇಟಿನೆದುರು ಬಾಯಿಗೆ ಬಂದಂತೆ ಬೈದು ವಾಪಸ್ಸಾದರು. ಅವತ್ತಿನಿಂದ ಎಲ್ಲರೂ ನನ್ನನ್ನು ಕೂಗತೊಡಗಿದರು. ಅಮ್ಮ ಹೋಗುವ ತನಕ ಹನ್ನೊಂದು ವರ್ಷ ಓಡಿದವಳು ನಾನು. ಈ ವಿಷಯದಲ್ಲಿ ಅಕ್ಕನನ್ನು ನಾನು ಯಾವತ್ತೂ ಕ್ಷಮಿಸಲಿಲ್ಲ. ಹಾಗಂತ ನೋಡದೆ ಇರಲೂ ಆಗುತ್ತಿರಲಿಲ್ಲ, ತಿಂಗಳಿಗೊಂದು ಭಾನುವಾರ ತರಕಾರಿ ಚೀಲ ಹಿಡಿದುಕೊಂಡು ಹೋಗಿ ಗ್ಯಾಸಿನ ಕಥೆ ಕೇಳಿ ಬರುತ್ತಿದ್ದೆ.

ನಾನು ಕೆಲಸ ಮಾಡಿದ್ದು ಇನ್ಶೂರೆನ್ಸ್ ಕಚೇರಿಯಲ್ಲಿ. ನಿಂತುಹೋದ ಪಾಲಿಸಿಗಳಿಗೆ ಮತ್ತೆ ಜೀವ ಕೊಡುವ ಟೇಬಲ್ಲಿನಲ್ಲೇ ಹೆಚ್ಚು ವರ್ಷ ಕೂತಿದ್ದೆ. ಹಾಗಾಗಿ ಮಾತು ತಣ್ಣಗಾಗುವ ಕಟ್ಟಳೆಯನ್ನು ಅಕ್ಕ ಮೊದಲ ಸಲ ವಿವರಿಸಿದಾಗ ನನಗೆ ನಗು ಬಂತು.

"ಒಂದು ಫಾರಂ ತುಂಬಿ ರಿವೈವ್ ಮಾಡ್ಕೊಂಡ್ಬಿಡಿ. ಅದಕ್ಯಾಕೆ ಇಷ್ಟೊಂದು ರಾದ್ಧಾಂತ?" ಎಂದೆ.

ಅಕ್ಕ ನಗಲಿಲ್ಲ. ಅಂದು ಹಿರಿಯಮ್ಮ ಅಲ್ಲೇ ಕೂತು ಹುಣಸೆಹಣ್ಣಿನ ಬೀಜ ತೆಗೆಯುತ್ತಿದ್ದರು. ಹಿರಿಯಮ್ಮ ಎಂದರೆ ಮಠದ ಹಿರಿಯಳು. ಮನೆಮಾತು ತಮಿಳಾದರೂ ಕನ್ನಡ ಚೆನ್ನಾಗಿ ಆಡುತ್ತಿದ್ದರು. "ಹೊರೋರಿಲ್ದೆ ಇರೋ ಮಾತು ಬರೀ ಸದ್ದು ಕಣಮ್ಮ. ಕೂಗಿದ್ರೆ ಯಾರಾದ್ರೂ ಬರ್ಬೇಕು. ಬರೋರು ಇಲ್ಲ ಅಂದ್ಮೇಲೆ ಕೂಗಿ ಏನು ಬಂತು?" ಎಂದರು. ನನಗೆ ಅದು ಹಟದ ಮಾತು ಅನ್ನಿಸಿತು. ಈಗಲೂ ಅರ್ಧ ಹಾಗೇ ಅನ್ನಿಸುತ್ತದೆ.

ಅಕ್ಕ ಸೇರಿದಾಗ ಅಲ್ಲಿ ಹನ್ನೊಂದು ಜನ ಇದ್ದರು. ಅವಳ ನಂತರ ಒಬ್ಬಳೂ ಬಂದು ನಿಲ್ಲಲಿಲ್ಲ. ಸಾವಿನ ಜೊತೆಗೆ ಮಾತುಗಳು ಒಂದೊಂದಾಗಿ ಹೋದವು. ಅಡುಗೆಯಾಕೆ ತೀರಿಕೊಂಡ ಮೇಲೆ ಆ ಮನೆಯಲ್ಲಿ ಹಸಿವಿನ ಮಾತು ಇಲ್ಲವಾಯಿತು, ಗಂಟೆ ಹೊಡೆದಾಗ ಉಣ್ಣುತ್ತಿದ್ದರು. ನಿದ್ದೆಯ ಮಾತು ಹೋಯಿತು, ಭಯದ ಮಾತು ಹೋಯಿತು. ಕಾಲೇಜಿನಿಂದ ಒಬ್ಬ ಮೇಡಂ ಬಂದು ಭಾಷೆಯನ್ನು ರೆಕಾರ್ಡ್ ಮಾಡಿಕೊಳ್ಳುತ್ತೇನೆ, ಇಲ್ಲದಿದ್ದರೆ ಉಳಿಯುವುದಿಲ್ಲ ಎಂದು ಬೇಡಿಕೊಂಡಳಂತೆ. ಹಿರಿಯಮ್ಮ ಉಪ್ಪಿಟ್ಟು ಕೊಟ್ಟು, "ನಿಮ್ಮ ಮಿಷಿನ್ನು ಕೂಗಿದ್ರೆ ಎದ್ದು ಬರುತ್ತಾ?" ಎಂದು ಕೇಳಿದರಂತೆ. ಆಕೆ ಉಪ್ಪಿಟ್ಟು ತಿಂದು ಹೋದಳು.

ಕೊರೋನಾದ ಎರಡನೇ ಅಲೆಯಲ್ಲಿ ಒಂದೇ ವಾರದಲ್ಲಿ ಇಬ್ಬರು ಹೋದರು. ಅವರಲ್ಲಿ ಒಬ್ಬಾಕೆ ನೋವಿನ ಮಾತು ಹೊತ್ತವಳು. ದಪ್ಪಗೆ, ಬೆಳ್ಳಗೆ, ಸದಾ ಕೈಗೆ ಹರಳೆಣ್ಣೆ ಹಚ್ಚಿಕೊಂಡಿರುತ್ತಿದ್ದ ಹೆಂಗಸು. ಯಾರಾದರೂ ಆ ಮಾತು ಆಡಿದರೆ ಮಾಡುತ್ತಿದ್ದ ಕೆಲಸ ಬಿಟ್ಟು ಬಂದು, ನೋಯುವ ಜಾಗದ ಮೇಲೆ ಕೈಯಿಟ್ಟು, ಅದು ಇಳಿಯುವ ತನಕ ಕೂರುತ್ತಿದ್ದಳು. ಅವಳ ಹೆಣವನ್ನು ಪ್ಲಾಸ್ಟಿಕ್ಕಿನಲ್ಲಿ ಸುತ್ತಿ ಆಂಬುಲೆನ್ಸಿನವರು ಒಯ್ದರು. ಉಳಿದವರು ಹಿರಿಯಮ್ಮ ಮತ್ತು ಅಕ್ಕ. ಅಂದಿನಿಂದ ಆ ಮನೆಯಲ್ಲಿ ಯಾರಿಗೂ ನೋವಿಲ್ಲ.

ಅಕ್ಕನಿಗೆ ಏನೋ ಆಗಿದೆ ಎಂದು ನನಗೆ ಗೊತ್ತಾದದ್ದು ಅವರೆಕಾಯಿಯ ಕಾಲದಲ್ಲಿ. ಯಾವಾಗಲೂ ನೆಲದ ಮೇಲೆ ಕಾಲು ಚಾಚಿ ಕೂತು ಕಾಯಿ ಸುಲಿಯುತ್ತಿದ್ದವಳು ಅವತ್ತು ಅಡುಗೆಮನೆಯ ಕಟ್ಟೆಗೆ ಒರಗಿ ನಿಂತು ಸುಲಿಯುತ್ತಿದ್ದಳು. "ಕೂತ್ಕೋ ಬಾರೆ" ಎಂದೆ. "ಈ ಸಲ ಸೊಗಡೇ ಇಲ್ಲ ನೋಡು ಕಾಯೀಲಿ" ಎಂದಳು. ಮುಂದಿನ ತಿಂಗಳು ಹೋದಾಗಲೂ ನಿಂತೇ ಇದ್ದಳು. ಸೀರೆ ಸೊಂಟದಲ್ಲಿ ನಿಲ್ಲುತ್ತಿರಲಿಲ್ಲ, ಅಷ್ಟು ಸೊರಗಿದ್ದಳು. ಹಿರಿಯಮ್ಮನ ಒಪ್ಪಿಗೆ ಪಡೆದು ಆಟೋದಲ್ಲಿ ಆಸ್ಪತ್ರೆಗೆ ಕರೆದೊಯ್ದೆ. ಗರ್ಭಕೋಶದಲ್ಲಿ ಶುರುವಾದದ್ದು ಬೆನ್ನಿನ ಮೂಳೆಗೆ ಹಬ್ಬಿತ್ತು. ಇನ್ನು ಮಾಡುವುದೇನೂ ಇಲ್ಲ, ನೋವು ಕಡಿಮೆ ಮಾಡಬಹುದು ಅಷ್ಟೇ ಎಂದರು.

"ನೋವು ಎಷ್ಟಿದೆ ಅಮ್ಮಾ? ಸೊನ್ನೆಯಿಂದ ಹತ್ತರೊಳಗೆ ಒಂದು ನಂಬರ್ ಹೇಳಿ" ಎಂದು ಕೇಳಿದಳು ಡಾಕ್ಟರು. ಒಳ್ಳೆಯ ಹೆಂಗಸು, ಅಕ್ಕನ ಕೈ ಹಿಡಿದುಕೊಂಡೇ ಕೇಳಿದಳು.

"ಡಾಕ್ಟ್ರಮ್ಮ, ನಿಮ್ಮ ಫ್ಯಾನಿಂದು ಕೆಪಾಸಿಟರ್ ಹೋಗಿದೆ. ನಮ್ಮಲ್ಲೂ ಹಿಂಗೇ ತಿರುಗ್ತಿತ್ತು. ಬದಲಾಯಿಸಿದ್ಮೇಲೆ ಸರಿಹೋಯ್ತು" ಎಂದಳು ಅಕ್ಕ.

ಡಾಕ್ಟರು ನಕ್ಕಳು. ಪಕ್ಕದಲ್ಲಿದ್ದ ನರ್ಸು ಚೀಟಿಯಲ್ಲಿ ಸೊನ್ನೆ ಬರೆದಳು.

ನಾನು ಹೊರಗೆ ಕಾರಿಡಾರಿನಲ್ಲಿ ಡಾಕ್ಟರನ್ನು ತಡೆದು ಮಠದ ಕಟ್ಟಳೆಯನ್ನು ಹೇಳಿದೆ. ಆಕೆ ಪೂರ್ತಿ ಕೇಳಿಸಿಕೊಂಡಳು, ತಲೆಯಾಡಿಸುವುದಕ್ಕಾದರೂ ಆಗುತ್ತದಾ ಎಂದು ಕೇಳಿದಳು. ಇಲ್ಲ, ಅದೂ ಮಾತೇ ಎಂದೆ. ದಿನಕ್ಕೆ ಎರಡು ಹೊತ್ತು ಒಂದು ಮಾತ್ರೆ, ಅದಕ್ಕೂ ಬಗ್ಗದೆ ನೋವು ಹೆಚ್ಚಾದಾಗ ಇನ್ನೊಂದು ಎಂದು ಬರೆದುಕೊಟ್ಟಳು. "ಎರಡನೇದು ಜಾಸ್ತಿ ಆದ್ರೆ ಉಸಿರು ನಿಧಾನ ಆಗ್ಬಿಡುತ್ತೆ. ಯಾವಾಗ ಬೇಕು ಅಂತ ಅವರೇ ಹೇಳ್ಬೇಕು. ನಾವು ಅಂದಾಜಿನ ಮೇಲೆ ಕೊಡೋಕಾಗಲ್ಲ" ಎಂದಳು.

ನಾನು ಅಂದಾಜಿನ ಮೇಲೆ ಕೊಟ್ಟು ನೋಡಿದೆ. ರಾಮಮೂರ್ತಿ ನಗರದಿಂದ ದಿನಾ ಬೆಳಿಗ್ಗೆ ಬಸ್ಸು ಹಿಡಿದು ಹೋಗುತ್ತಿದ್ದೆ, ಸಂಜೆ ಬರುತ್ತಿದ್ದೆ. ಅವಳ ಮುಖ ನೋಡಿ ಕಂಡುಹಿಡಿಯಲು ಪ್ರಯತ್ನ ಪಟ್ಟೆ. ಆದರೆ ನಲವತ್ತೇಳು ವರ್ಷ ತರಬೇತಾದ ಮುಖ ಅದು. ಒಂದು ಮಧ್ಯಾಹ್ನ ಮಾತ್ರೆ ಹೆಚ್ಚಾಯಿತು, ಎಷ್ಟು ಅಲುಗಾಡಿಸಿದರೂ ಅಕ್ಕ ಒಂದು ಗಂಟೆ ಏಳಲಿಲ್ಲ. ಆಮೇಲೆ ಹೆದರಿ ಕೊಡುವುದನ್ನೇ ನಿಲ್ಲಿಸಿದೆ. ಆ ಮಾತ್ರೆಯ ಪಟ್ಟಿ ಕಿಟಕಿಯಲ್ಲಿ ಹಾಗೇ ಕೂತಿತು.

ಒಂದು ದಿನ ಹಿತ್ತಲಲ್ಲಿ ಸೊಪ್ಪು ಬಿಡಿಸುತ್ತಿದ್ದಾಗ ಹಿರಿಯಮ್ಮ ತಲೆ ಎತ್ತದೆ ಕೇಳಿದರು.

"ನೋವಿನ ಮಾತು ನೀನು ಹೊರ್ತೀಯೇನಮ್ಮ?"

"ಹೊತ್ರೆ ಏನ್ಮಾಡ್ಬೇಕು?"

"ಇಲ್ಲೇ ಇರ್ಬೇಕು. ಅವಳು ಆ ಮಾತು ಆಡಿದಾಗ ಎದ್ದು ಬರ್ಬೇಕು. ಅಷ್ಟೆ."

"ಎಷ್ಟು ದಿನ?"

"ದಿನದ ಲೆಕ್ಕ ಎಲ್ಲಿಂದ ಬಂತು? ನೀನಿರೋವರ್ಗೂ."

"ಇರೋದೇ ನೀವಿಬ್ರು. ಈ ದರಿದ್ರ ಕಟ್ಟಳೆ ಮುರಿದ್ರೆ ಕೇಳೋರು ಯಾರಿದ್ದಾರೆ ಹಿರಿಯಮ್ಮ? ಅವಳ ಬಾಯಲ್ಲಿ ಕನ್ನಡದಲ್ಲೇ ಒಂದ್ಸಲ ನೋವು ಅನ್ನಿಸಿ, ಸಾಕು!" ಎಂದು ಕಿರುಚಿದೆ.

"ನಾವಿಬ್ರು ಇದ್ದೀವಲ್ಲ, ಕೇಳ್ಕೊಳ್ಳೋಕೆ" ಎಂದರು ಅವರು, ಸೊಪ್ಪಿನಿಂದ ಒಂದು ಹುಳ ತೆಗೆದು ಪಕ್ಕಕ್ಕೆ ಬಿಡುತ್ತ.

ಮನೆಗೆ ಬಂದವಳು ಹನ್ನೊಂದು ದಿನ ಉತ್ತರ ಕೊಡಲಿಲ್ಲ. ಗಂಡನಿಗೆ ಶುಗರ್, ಇನ್ಸುಲಿನ್ ಚುಚ್ಚಿಕೊಳ್ಳುತ್ತಾರೆ, ಒಬ್ಬರನ್ನೇ ಬಿಡಲು ಆಗುವುದಿಲ್ಲ ಎಂದು ನನಗೆ ನಾನೇ ಹೇಳಿಕೊಂಡೆ. ಅದು ನೆಪ. ಅವರು ಫ್ಯಾಕ್ಟರಿ ಬಸ್ಸು ಓಡಿಸಿದ ಮನುಷ್ಯ, ಸೂಜಿಗೆ ಹೆದರುವವರಲ್ಲ. ನಿಜವೇನೆಂದರೆ ನನಗೆ ಮನಸ್ಸಿರಲಿಲ್ಲ. ಮನೆಯ ಕೂಗನ್ನೆಲ್ಲ ಹದಿಮೂರು ವರ್ಷದವಳ ತಲೆಗೆ ಕಟ್ಟಿ ಹೋದವಳು, ಈಗ ಅರವತ್ತು ದಾಟಿದ ಮೇಲೆ ಮತ್ತೆ ಅವಳ ಕೂಗಿಗೆ ಓಡಿ ಬಾ ಎಂದರೆ? ಹೊಟ್ಟೆಯೊಳಗೆ ಇಷ್ಟು ಕಾಲ ಇಟ್ಟುಕೊಂಡಿದ್ದ ಸಿಟ್ಟಿಗೆ ಅವು ಒಳ್ಳೆಯ ದಿನಗಳು.

ಹನ್ನೆರಡನೆಯ ದಿನ ಹೋದಾಗ ಅಕ್ಕ ಬಚ್ಚಲಿನ ನಲ್ಲಿಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ಬಾಗಿ ನಿಂತಿದ್ದಳು. ಗೆಣ್ಣುಗಳು ಬೆಳ್ಳಗಾಗಿದ್ದವು. ಹಣೆಯ ಬೆವರು ಮೂಗಿನ ತುದಿಗೆ ಇಳಿದು ತೊಟ್ಟಿಕ್ಕುತ್ತಿತ್ತು. ನನ್ನ ಹೆಜ್ಜೆ ಸದ್ದು ಕೇಳಿ, ತಿರುಗದೆ, "ನಲ್ಲಿ ವಾಷರ್ ಹೋಗಿದೆ ಕಣೆ. ಸೋರ್ತಾನೇ ಇದೆ. ಪ್ಲಂಬರ್‌ಗೆ ಹೇಳು, ಬೇಗ ಬರೋಕೆ ಹೇಳು" ಎಂದಳು. ನಾನು ನೋಡಿದೆ, ನಲ್ಲಿ ಸೋರುತ್ತಿರಲಿಲ್ಲ. ಅಲ್ಲಿಂದ ನೇರ ಹಿರಿಯಮ್ಮನ ಹತ್ತಿರ ಹೋಗಿ ಹೊರುತ್ತೇನೆ ಎಂದೆ.

ಹೊರುತ್ತೇನೆ ಎಂದಾಗಲೇ ಅದು ಸುಳ್ಳು ಎಂದು ನನಗೆ ಗೊತ್ತಿತ್ತು. ಅಕ್ಕ ಇರುವ ತನಕ ಇದ್ದು, ಆಮೇಲೆ ನನ್ನ ಪಾಡಿಗೆ ನಾನು ಹೊರಟುಬಿಡುವುದು ಎಂದುಕೊಂಡಿದ್ದೆ. ಕಚೇರಿಯಲ್ಲಿ ರಜದ ಮೇಲೆ ಹೋದವರ ಟೇಬಲ್ಲು ನೋಡಿಕೊಂಡ ಹಾಗೆ. ಮನೆಗೆ ಫೋನ್ ಮಾಡಿ, ಅಕ್ಕನಿಗೆ ಹೆಚ್ಚಾಗಿದೆ, ಒಂದು ತಿಂಗಳು ಬರುವುದಿಲ್ಲ ಎಂದೆ.

ಮಾತು ಕೊಡುವುದಕ್ಕೆ ಹೂವು ಹಣ್ಣು ಮಂತ್ರ ಏನೂ ಬೇಕಿರಲಿಲ್ಲ. ನನ್ನ ಅಂಗೈಯನ್ನು ಹಿರಿಯಮ್ಮ ತಮ್ಮ ಗಂಟಲ ಮೇಲೆ ಇಟ್ಟುಕೊಂಡು ಆ ಮಾತನ್ನು ಮೂರು ಸಲ ಆಡಿದರು. ಸುಕ್ಕು ಚರ್ಮದ ಕೆಳಗೆ ಅದು ಅದುರಿದ್ದು ಕೈಗೆ ಗೊತ್ತಾಯಿತು. ಆಮೇಲೆ ಅವರ ಅಂಗೈ ನನ್ನ ಗಂಟಲ ಮೇಲೆ. ನಾನು ಮೂರು ಸಲ ಆಡಿದೆ. ಅದನ್ನು ಇಲ್ಲಿ ಬರೆಯುವುದಿಲ್ಲ. ಎರಡೇ ಅಕ್ಷರ, ಹಾಲು ಕುಡಿಯುವ ಮಗುವಿಗೂ ಬರುವಷ್ಟು ಸುಲಭ. ಇಬ್ಬರೂ ಅಕ್ಕನ ಕೋಣೆಗೆ ಹೋದೆವು. ಹಿರಿಯಮ್ಮ ಒಳಮಾತಿನಲ್ಲಿ ಏನೋ ಹೇಳಿದರು. ಅಕ್ಕ ನನ್ನನ್ನು ನೋಡಿದಳು, ನೋಡಿಯೇ ನೋಡಿದಳು. ಕೊನೆಗೆ ಬಾಯಿ ತೆರೆದು ಆ ಮಾತು ಆಡಿದಳು.

ಮೊದಲು ಮೆಲ್ಲಗೆ, ಹೊಸ ಹಲ್ಲಿನ ಸೆಟ್ಟು ಹಾಕಿಕೊಂಡವರಂತೆ ಅಳುಕುತ್ತ. ಆಮೇಲೆ ಜೋರಾಗಿ. ಆಮೇಲೆ ಅಳುತ್ತ, ಉಸಿರು ಎಳೆದುಕೊಳ್ಳುತ್ತ, ಮತ್ತೆ ಮತ್ತೆ. ಆ ಮಾತು ತಣ್ಣಗಾದ ಮೇಲಿನ ನಾಲ್ಕು ವರ್ಷದ್ದೆಲ್ಲ ಒಟ್ಟಿಗೆ ಬಂತೆಂದು ಕಾಣುತ್ತದೆ. ನಾನು ಮಾತ್ರೆ ಕೊಟ್ಟು ಸೊಂಟದ ಮೇಲೆ ಕೈಯಿಟ್ಟು ಕೂತೆ. ಮುಕ್ಕಾಲು ಗಂಟೆಯಲ್ಲಿ ಅವಳ ಭುಜ ಸಡಿಲಾಯಿತು. ಎಷ್ಟೋ ತಿಂಗಳ ನಂತರ ಅವಳು ಅಂಗಾತ ಮಲಗಿದ್ದನ್ನು ನೋಡಿದೆ. ನನಗೂ ಅಳು ಬಂತು, ಸಂತೋಷದ ಅಳು ಎಂದು ಹೇಳಲು ನನಗೆ ನಾಚಿಕೆಯಿಲ್ಲ.

ಹಾಗೆ ದಿನಗಳು ಹೋದವು. ಅವಳು ಕೂಗಿದಾಗ ನಾನು ಹೋಗುತ್ತಿದ್ದೆ. ಎಲ್ಲ ಸಲವೂ ಮಾತ್ರೆ ಬೇಕಾಗುತ್ತಿರಲಿಲ್ಲ, ಕೆಲವು ಸಲ ಬರೀ ಕೈ ಸಾಕಾಗುತ್ತಿತ್ತು. ಡಾಕ್ಟರಿಗೆ ಫೋನಿನಲ್ಲಿ ಇಷ್ಟು ಸಲ ಎಂದು ಹೇಳಿದರೆ ಆಕೆ ಮಾತ್ರೆಯ ಅಳತೆ ಸರಿ ಮಾಡುತ್ತಿದ್ದಳು. ಕಟ್ಟಳೆ ನನಗೂ ಅಂಟಿಕೊಂಡಿತ್ತು: ನನ್ನ ಮೈಯ ವಿಷಯ ನಾನು ಕನ್ನಡದಲ್ಲಿ ಹೇಳುವಂತಿರಲಿಲ್ಲ, ಒಳಮಾತಿನಲ್ಲಿ ನನಗೆ ಗೊತ್ತಿದ್ದದ್ದು ಆ ಒಂದೇ ಪದ. ಹಸಿವಾದರೂ ಸುಮ್ಮನಿರಬೇಕು, ನಿದ್ದೆ ತಡೆಯಲಾಗದಿದ್ದರೂ ಸುಮ್ಮನಿರಬೇಕು. ಎರಡನೇ ವಾರದ ಹೊತ್ತಿಗೆ ನನ್ನ ಮಂಡಿ ಊದಿಕೊಂಡಿತು. ಆ ಮಾತು ಆಡಬಹುದಿತ್ತು, ಆದರೆ ಆಡಿದರೆ ಎದ್ದು ಬರಬೇಕಾದವಳು ನಾನೇ. ಒಂದು ದಿನ ಅಕ್ಕನ ಪಕ್ಕ ಕೂತಿದ್ದಾಗ ನನಗೆ ಹೊಳೆಯಿತು, ಇವಳು ಮನೆ ಬಿಟ್ಟು ಇಲ್ಲಿಗೆ ಯಾಕೆ ಬಂದಳೆಂದು. ನಮ್ಮ ಕ್ವಾರ್ಟರ್ಸಿನಲ್ಲಿ ಇವಳು ಕೂಗಿದರೆ ಬರುವವರು ಒಬ್ಬರೂ ಇರಲಿಲ್ಲ. ನಾನೂ ಬರುತ್ತಿರಲಿಲ್ಲ. ಇದನ್ನು ಅವಳಿಗೆ ಹೇಳಬೇಕೆಂದುಕೊಂಡೆ, ಯಾವ ಭಾಷೆಯಲ್ಲಿ ಹೇಳಬೇಕೋ ತಿಳಿಯಲಿಲ್ಲ.

ಹದಿನೆಂಟನೆಯ ದಿನ ಬೆಳಿಗ್ಗೆಯಿಂದ ಅವಳು ಒಂದೇ ಸಮನೆ ಕೂಗಿದಳು. ಮಧ್ಯಾಹ್ನದೊಳಗೆ ಒಂಬತ್ತು ಸಲ ಎದ್ದಿದ್ದೆ. ಊಟದ ತಟ್ಟೆ ಎರಡು ಸಲ ಬಿಟ್ಟು ಎದ್ದೆ. ಕೊನೆಗೆ ಅವಳಿಗೆ ಜೊಂಪು ಹತ್ತಿದ ಹಾಗೆ ಕಂಡಿತು. ಅದೇ ಹೊತ್ತಿಗೆ ಮನೆಯಿಂದ ಫೋನ್ ಬಂತು, ಗೇಟಿನ ಹತ್ತಿರದ ಕಲ್ಲಿನ ಮೇಲೆ ಕೂತು ಮಾತಾಡತೊಡಗಿದೆ. ಗಂಡ ಶುಗರ್ ಎಷ್ಟಿದೆ ಹೇಳಿದರು, ಹಾಲಿನವನು ಎರಡು ಪ್ಯಾಕೆಟ್ ಹಾಕುವುದನ್ನು ನಿಲ್ಲಿಸಲೋ ಬೇಡವೋ ಎಂದು ಕೇಳಿದರು. ಬಿಸಿಲು ಹದವಾಗಿತ್ತು. ಯಾರೋ ನನ್ನ ಜೊತೆ ಹಾಲಿನ ವಿಷಯ ಮಾತಾಡುತ್ತಿದ್ದಾರೆ ಎನ್ನುವುದೇ ಹಿತವಾಗಿತ್ತು.

ಆಗ ಅಕ್ಕ ಕೂಗಿದಳು. ನನಗೆ ಸ್ಪಷ್ಟವಾಗಿ ಕೇಳಿಸಿತು. ಕೇಳಿಸಲಿಲ್ಲ ಎಂದು ನಾನು ಬೇರೆಯವರಿಗೆ ಹೇಳಿದ್ದುಂಟು, ಇಲ್ಲಿ ಹೇಳುವುದಿಲ್ಲ. ಒಂದು ನಿಮಿಷ ಎಂದುಕೊಂಡೆ. ಅವಳು ಮತ್ತೆ ಕೂಗಿದಳು. ಫೋನಿನಲ್ಲಿ ಗಂಡ ಮೊಸರಿನ ಮಾತು ತೆಗೆದರು. ಹೆಪ್ಪು ಹಾಕುವುದು ಹೇಗೆ ಎಂದು ನಾನು ವಿವರಿಸಿದೆ, ಬೇಕಂತಲೇ ನಿಧಾನವಾಗಿ ವಿವರಿಸಿದೆ. ಹದಿಮೂರು ವರ್ಷದ ಹುಡುಗಿಯೊಬ್ಬಳು ನನ್ನೊಳಗೆ ಎದ್ದು ಕೂತು, ಕೂಗಲಿ ಬಿಡು ಎಂದಳು. ಮೂರನೆಯ ಸಲದ ಕೂಗು ಅರ್ಧಕ್ಕೇ ನಿಂತಿತು. ಅದಾದ ಮೇಲೂ ಐದು ನಿಮಿಷ ಮಾತಾಡಿದೆ.

ಹೋದಾಗ ಅಕ್ಕ ಗೋಡೆಯ ಕಡೆ ತಿರುಗಿದ್ದಳು. ಕಣ್ಣು ಬಿಟ್ಟೇ ಇತ್ತು.

"ಬಂದೆ ಕಣೆ" ಎಂದೆ.

"ಯಾರ್ದು ಫೋನು?" ಎಂದಳು, ಕನ್ನಡದಲ್ಲಿ.

"ಮನೆಯಿಂದ. ಹಾಲಿನ ವಿಷ್ಯ."

"ಹೂಂ. ಹೋಗುವಾಗ ಗೇಟಿನ ಕೀ ಹಿರಿಯಮ್ಮನ ಕೈಲಿ ಕೊಟ್ಬಿಡು. ಅವರಿಗೆ ಬಗ್ಗಿ ಹುಡುಕೋಕಾಗಲ್ಲ."

ನಾನು ಹೋಗುತ್ತೇನೆಂದು ಅವಳಿಗೆ ಯಾರೂ ಹೇಳಿರಲಿಲ್ಲ. ಮಾತ್ರೆ ಕೊಟ್ಟೆ, ನುಂಗಿದಳು. ಸೊಂಟದ ಮೇಲೆ ಕೈಯಿಟ್ಟೆ, ಬೇಡವೆನ್ನಲಿಲ್ಲ. ಆದರೆ ಮತ್ತೆ ಕೂಗಲಿಲ್ಲ. ಕೂಗೇ, ಒಂದ್ಸಲ ಕೂಗೇ ಎಂದು ಸಂಜೆಯೆಲ್ಲ ಅವಳ ಕಿವಿಯ ಹತ್ತಿರ ಹೇಳಿದೆ. ಪಿ.ಜಿ.ಯವರ ಟ್ಯಾಂಕು ತುಂಬಿ ಹರಿಯುತ್ತಿದೆ ಎಂದಳು. ಮರುದಿನ ಬೆಳಿಗ್ಗೆ ನಾನು ಗಲ್ಲಿಯ ತುದಿಯ ಅಂಗಡಿಯಿಂದ ಹಾಲು ತರುವಷ್ಟರಲ್ಲಿ ಹೋಗಿಬಿಟ್ಟಿದ್ದಳು. ಕೆಳತುಟಿಯ ಮೇಲೆ ಹಲ್ಲಿನ ಗುರುತು ಮೂಡಿತ್ತು.

ವಿದ್ಯುತ್ ಚಿತಾಗಾರದಲ್ಲಿ ಎಲ್ಲ ಮುಗಿಸಿ ಬಂದ ಮೂರನೆಯ ದಿನ ನಾನು ಬಟ್ಟೆ ಚೀಲ ಕಟ್ಟಿದೆ. ಹಿರಿಯಮ್ಮ ಗೇಟಿನ ತನಕ ಬಂದರು. ಕೀ ಕೊಟ್ಟೆ.

"ಅವರಿಗೆ ಶುಗರ್ರು ಹಿರಿಯಮ್ಮ. ಮನೇಲಿ ಒಬ್ರೇ ಇದ್ದಾರೆ" ಎಂದೆ.

"ಹೋಗಮ್ಮ. ಈಗ ಆಟೋ ಸಿಗುತ್ತಾ?" ಎಂದರು. ಬೈದಿದ್ದರೆ ಬೈಸಿಕೊಂಡು ಹಗುರಾಗುತ್ತಿದ್ದೆ.

ನಾಲ್ಕು ತಿಂಗಳ ನಂತರ ಪಿ.ಜಿ.ಯ ವಾಚ್‌ಮನ್ ಫೋನ್ ಮಾಡಿದ. ಅಜ್ಜಿ ಸಂಪಿನ ಹತ್ತಿರ ಬಿದ್ದಿದ್ದಾರೆ, ಎಬ್ಬಿಸಲು ಹೋದರೆ ನೀರಿನ ಮೋಟರ್ ಆಫ್ ಮಾಡು ಅಂತಾರೆ, ಬೇರೆ ಏನೂ ಹೇಳುವುದಿಲ್ಲ ಎಂದ. ಸೊಂಟದ ಮೂಳೆ ಮುರಿದಿತ್ತು. ಎಂಬತ್ತೇಳು ವಯಸ್ಸಿಗೆ ಆಪರೇಷನ್ ತಡೆಯುವುದಿಲ್ಲ, ಮನೆಯಲ್ಲೇ ನೋಡಿಕೊಳ್ಳಿ ಎಂದು ಆಸ್ಪತ್ರೆಯವರು ಕಳಿಸಿದರು. ಅದೇ ಡಾಕ್ಟರು, ಅದೇ ಎರಡು ಬಗೆಯ ಮಾತ್ರೆ. ಈಗ ಆ ಭಾಷೆ ಆಡುವವರು ಜಗತ್ತಿನಲ್ಲಿ ಅವರೊಬ್ಬರೇ, ಹೊತ್ತವರು ಯಾರೂ ಇಲ್ಲ.

ನಾನು ಅವರ ಮಂಚದ ಪಕ್ಕ ಕೂತು ಕೈ ಹಿಡಿದುಕೊಂಡೆ. "ಹಿರಿಯಮ್ಮ, ಆ ಮಾತು ಮತ್ತೆ ಕೊಡಿ. ಈ ಸಲ ಹೋಗಲ್ಲ. ಆಣೆ ಮಾಡ್ತೀನಿ. ನೀವಿರೋವರ್ಗೂ ಅಲ್ಲ, ನಾನಿರೋವರ್ಗೂ" ಎಂದೆ. ಈ ಸಲ ಅದು ಸುಳ್ಳಾಗಿರಲಿಲ್ಲ. ಮನೆಯಲ್ಲಿ ಗಂಡನಿಗೆ ಹೇಳಿ, ಅವರು ತಲೆ ತಗ್ಗಿಸಿಕೊಂಡು ಹೂಂ ಎಂದ ಮೇಲೆಯೇ ಹೋಗಿದ್ದೆ.

ಅವರು ಕೈ ಬಿಡಿಸಿಕೊಳ್ಳಲಿಲ್ಲ. ನನ್ನ ಮುಖವನ್ನು ತುಂಬ ಹೊತ್ತು, ಪ್ರೀತಿಯಿಂದಲೇ, ನೋಡಿದರು.

"ಅವತ್ತು ಮಧ್ಯಾಹ್ನ ಅವಳು ಕೂಗಿದಾಗ ನಾನು ಅಡುಗೆಮನೇಲಿದ್ದೆ ಕಣಮ್ಮ" ಎಂದರು.

ಈಗಲೂ ದಿನಾ ಹೋಗುತ್ತೇನೆ. ಗಡಿಯಾರ ನೋಡಿ ಮೊದಲನೆಯ ಮಾತ್ರೆ ಕೊಡುತ್ತೇನೆ, ಎರಡನೆಯದನ್ನು ಅಂದಾಜಿನ ಮೇಲೆ ಕೊಡುತ್ತೇನೆ, ಕೊಟ್ಟ ಮೇಲೆ ಉಸಿರು ಎಣಿಸುತ್ತ ಕೂರುತ್ತೇನೆ. ಮಗ್ಗುಲು ಬದಲಾಯಿಸುವಾಗ ಅವರ ಮೈ ಬಿಗಿಯುತ್ತದೆ, ಕಣ್ಣಲ್ಲಿ ನೀರು ಬರುತ್ತದೆ. ಎರಡೇ ಅಕ್ಷರ, ನಾನು ಅಲ್ಲೇ ಪಕ್ಕದಲ್ಲಿ ಇರುತ್ತೇನೆ, ಎದ್ದು ಬರಬೇಕಾದ ದೂರವೂ ಇಲ್ಲ. ಅವರು ನನ್ನನ್ನು ಕರೆಯುವುದಿಲ್ಲ.